ಮಾತಿಲ್ಲದ ನಾಲ್ಕು ನಿಮಿಷದ ಕಿರುಚಿತ್ರ, ಬೆಳಗಿನ ಮೊದಲ ಫಿಲ್ಟರ್ ಕಾಫಿ: ಹಬೆ, ಸ್ಟೀಲು, ಸದ್ದು, ಕಾಯುವ ಹೊತ್ತು

ಅಡುಗೆಮನೆ_ಕಿಟಕಿ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ.

ಒಂದೇ ಪಾತ್ರ, ಒಂದೇ ಅಡುಗೆಮನೆ, ಒಂದೇ ಕೆಲಸ ಇರುವ ಕಿರುಚಿತ್ರಕ್ಕೆ ತಯಾರಿ ನಡೆದಿದೆ. ಮನೆಯವರು ಏಳುವ ಮುಂಚೆ ಸುಮಾರು ಅರವತ್ತು ವರ್ಷದ ಹೆಂಗಸೊಬ್ಬರು ಫಿಲ್ಟರಿಗೆ ಪುಡಿ ಹಾಕಿ, ಡಿಕಾಕ್ಷನ್ ಇಳಿಯುವವರೆಗೆ ಕಾದು, ಹಾಲು ಕಾಯಿಸಿ, ಕಾಫಿ ಬೆರೆಸಿಕೊಂಡು ಕಿಟಕಿ ಪಕ್ಕ ಕೂತು ಮೊದಲ ಗುಟುಕು ಕುಡಿಯುತ್ತಾರೆ. ಕಥೆ ಇಷ್ಟೇ. ಮಾತಿಲ್ಲ, ಹಿನ್ನೆಲೆ ಸಂಗೀತವೂ ಬೇಡ ಎಂದುಕೊಂಡಿದ್ದೇವೆ. ಅವಧಿ 4 ನಿಮಿಷ ದಾಟಬಾರದು.

ಕೈಯಲ್ಲಿರುವುದು ಎಪಿಎಸ್-ಸಿ ಸೆನ್ಸರಿನ ಮಿರರ್‌ಲೆಸ್ ಕ್ಯಾಮೆರಾ, 50 ಎಂಎಂ ಎಫ್/1.8 ಲೆನ್ಸ್, ಒಂದು ಟ್ರೈಪಾಡ್, ಒಂದು ಫೋನ್, ಕೈಯಲ್ಲಿ ಹಿಡಿಯುವ ಪುಟ್ಟ ಸೌಂಡ್ ರೆಕಾರ್ಡರ್. ಲೈಟು ಬಾಡಿಗೆಗೆ ತರುವ ಯೋಚನೆ ಇಲ್ಲ.

ಪರೀಕ್ಷೆಗೆ ತೆಗೆದ ತುಣುಕುಗಳಲ್ಲಿ ಕಂಡ ತೊಂದರೆಗಳು: ಕಣ್ಣಿಗೆ ಚೆನ್ನಾಗಿ ಕಾಣುವ ಹಬೆ ಕ್ಯಾಮೆರಾದಲ್ಲಿ ಮಾಯ. ಸ್ಟೀಲ್ ಲೋಟದ ಮೈಮೇಲೆ ಟ್ರೈಪಾಡೂ ಹಿಂದೆ ನಿಂತವರೂ ಕಾಣುತ್ತಾರೆ. ಫೋನಿನಲ್ಲಿ ತೆಗೆದದ್ದರಲ್ಲಿ ಅಡ್ಡ ಪಟ್ಟೆಗಳು ಮೇಲಿಂದ ಕೆಳಗೆ ಸರಿಯುತ್ತಿವೆ. ಡಿಕಾಕ್ಷನ್ ತೊಟ್ಟಿಕ್ಕುವ ಸದ್ದು ಕೇಳುವುದೇ ಇಲ್ಲ, ಫ್ರಿಜ್ಜಿನ ಗುಂಯ್ ಮಾತ್ರ ಕೇಳುತ್ತದೆ. ಎಲ್ಲಕ್ಕಿಂತ ದೊಡ್ಡ ಪ್ರಶ್ನೆ: ಡಿಕಾಕ್ಷನ್ ಇಳಿಯುವ ಇಪ್ಪತ್ತು ನಿಮಿಷವನ್ನು ತೋರಿಸುವುದು ಹೇಗೆ? ಆ ಕಾಯುವಿಕೆ ಇಲ್ಲದಿದ್ದರೆ ಕೊನೆಯ ಗುಟುಕಿಗೆ ಬೆಲೆಯೇ ಇಲ್ಲ.

ಕತ್ತರಿ_ಮೇಜು

ಕೊನೆಯ ಪ್ರಶ್ನೆಯಿಂದಲೇ ಶುರು ಮಾಡುತ್ತೇನೆ, ಯಾಕೆಂದರೆ ಉಳಿದ ತೀರ್ಮಾನಗಳೆಲ್ಲ ಅದರ ಮೇಲೆ ನಿಂತಿವೆ.

ನಿಜವಾದ ಲೆಕ್ಕ ನೋಡಿ. ನೀರು ಕುದಿಯಲು 3–4 ನಿಮಿಷ, ಡಿಕಾಕ್ಷನ್ ಇಳಿಯಲು 15–20, ಹಾಲು ಕಾಯಲು 4–5, ಬೆರೆಸಲು ಅರ್ಧ ನಿಮಿಷ, ಕುಡಿಯಲು ಐದಾರು. ಒಟ್ಟು ಹೆಚ್ಚುಕಡಿಮೆ ಅರ್ಧ ಗಂಟೆ. ಇದನ್ನು 4 ನಿಮಿಷಕ್ಕೆ ಇಳಿಸುವಾಗ ಎಲ್ಲವನ್ನೂ ಸಮನಾಗಿ ಮೊಟಕು ಮಾಡಿದರೆ ಬರುವುದು ಅಡುಗೆ ವಿಡಿಯೊ. ಮಾಡಬೇಕಾದದ್ದು ಬೇರೆ: ಕೆಲವನ್ನು ಪೂರ್ತಿ ಬಿಡಿ, ಎರಡು ಮೂರನ್ನು ಮಾತ್ರ ಅದರ ಸ್ವಂತ ಅವಧಿಯಲ್ಲಿ, ಒಂದೂ ಕಟ್ ಇಲ್ಲದೆ ಇಡಿ. ನನ್ನ ಆಯ್ಕೆ ಮೂರು: ಫಿಲ್ಟರಿಗೆ ನೀರು ಸುರಿದು ಮುಚ್ಚಳ ಹಾಕುವುದು, ಲೋಟದಿಂದ ಬಟ್ಟಲಿಗೆ ಬಟ್ಟಲಿಂದ ಲೋಟಕ್ಕೆ ಎತ್ತಿ ಹೊಯ್ಯುವುದು, ಮೊದಲ ಗುಟುಕು. ನೀರು ಕುದಿಯುವುದು ಬೇಡವೇ ಬೇಡ. ಹಾಲು ಉಕ್ಕಿ ಬರುವ ಕೊನೆಯ ಇಪ್ಪತ್ತು ಸೆಕೆಂಡು ಸಾಕು.

ಸೆಕೆಂಡುಗಳಲ್ಲಿ ಹೀಗೆ ಹಂಚಿಕೊಳ್ಳಬಹುದು: ಕತ್ತಲ ಅಡುಗೆಮನೆ 15, ಪುಡಿ ಹಾಕುವುದು 20, ನೀರು ಮತ್ತು ಮುಚ್ಚಳ 25, ಕಾಯುವುದು 60, ಹಾಲು 20, ಬೆರೆಸುವುದು 30, ಕಿಟಕಿಯ ಕಡೆಗೆ ಹೋಗುವುದು 10, ಕುಡಿಯುವುದು 50, ಕೊನೆಯ ಖಾಲಿ ಫ್ರೇಮ್ 10. ಹೆಸರುಗಳ ಪಟ್ಟಿ ಬಿಟ್ಟು ಸರಿಯಾಗಿ 240 ಸೆಕೆಂಡ್. ಕಾಲು ಭಾಗ ಕಾಯುವುದಕ್ಕೇ ಹೋಗುತ್ತದೆ ಎಂದು ಅಳುಕಬೇಡಿ. ಈ ಚಿತ್ರದ ಹೊಟ್ಟೆಯೇ ಆ ಒಂದು ನಿಮಿಷ.

ಆ ಒಂದು ನಿಮಿಷವನ್ನು ಒಂದೇ ವೈಡ್ ಫ್ರೇಮಿನಲ್ಲಿ ತೆಗೆಯಿರಿ. ಟ್ರೈಪಾಡ್ ಅಲುಗಬಾರದು. ಎಕ್ಸ್‌ಪೋಷರ್ (ಬೆಳಕಿನ ಮಟ್ಟ), ಫೋಕಸ್, ವೈಟ್ ಬ್ಯಾಲೆನ್ಸ್ (ಬಣ್ಣದ ಹದ) ಮೂರನ್ನೂ ಲಾಕ್ ಮಾಡಿ, ಡಿಕಾಕ್ಷನ್ ಇಳಿಯುವ ಇಪ್ಪತ್ತೂ ನಿಮಿಷ ಕ್ಯಾಮೆರಾ ಓಡಲಿ. ಹೊತ್ತು ಮೂಡುವ ವೇಳೆ ಇಪ್ಪತ್ತು ನಿಮಿಷದಲ್ಲಿ ಕಿಟಕಿಯ ಬೆಳಕು ಎಷ್ಟೋ ಏರಿರುತ್ತದೆ. ಎಕ್ಸ್‌ಪೋಷರ್ ಆಟೋದಲ್ಲಿದ್ದರೆ ಕ್ಯಾಮೆರಾ ಆ ಏರಿಕೆಯನ್ನೇ ಅಳಿಸಿಹಾಕುತ್ತದೆ. ಆಮೇಲೆ ಅದರಿಂದ ಮೂರು ತುಂಡು ತೆಗೆದು ನೇರ ಕಟ್‌ನಲ್ಲಿ ಜೋಡಿಸಿ. ಒಂದರಲ್ಲಿ ಆಕೆ ಕಟ್ಟೆಗೆ ಒರಗಿ ನಿಂತಿರಲಿ, ಇನ್ನೊಂದರಲ್ಲಿ ಫ್ರೇಮಿನಲ್ಲಿ ಯಾರೂ ಇಲ್ಲದೆ ಫಿಲ್ಟರ್ ಮಾತ್ರ ಇರಲಿ, ಮೂರನೆಯದರಲ್ಲಿ ಕುರ್ಚಿಯಲ್ಲಿ ಕೂತಿರಲಿ. ಮೂರು ತುಂಡಿನಲ್ಲೂ ಆಕೆ ಹೆಚ್ಚುಕಡಿಮೆ ಅದೇ ಜಾಗದಲ್ಲಿದ್ದರೆ ಕಟ್ ತಪ್ಪಿನಂತೆ, ಜಿಗಿತದಂತೆ ಕಾಣುತ್ತದೆ. ಜಾಗ ಪೂರ್ತಿ ಬದಲಾದರೆ ಮಾತ್ರ ಹೊತ್ತು ಹೋಯಿತು ಅನ್ನಿಸುತ್ತದೆ. ಡಿಸಾಲ್ವ್ (ಒಂದು ಚಿತ್ರ ಇನ್ನೊಂದರಲ್ಲಿ ಕರಗುವುದು) ಹಾಕಬೇಡಿ, ಗೋಡೆ ಗಡಿಯಾರದ ಮುಳ್ಳು ತೋರಿಸಬೇಡಿ.

ಕ್ಯಾಮೆರಾ ಎತ್ತರದ ಬಗ್ಗೆ ಒಂದು ಮಾತು. ಅಡುಗೆ ಕಟ್ಟೆ ಸಾಮಾನ್ಯವಾಗಿ 80–85 ಸೆಂ.ಮೀ. ಎತ್ತರ ಇರುತ್ತದೆ. ಲೆನ್ಸ್ 95–100 ಸೆಂ.ಮೀ.ನಲ್ಲಿ ಇದ್ದರೆ ಲೋಟದ ಬಾಯಿ ತೆಳ್ಳಗೆ ಕಾಣುತ್ತದೆ, ಮೈ ಪೂರ್ತಿ ಕಾಣುತ್ತದೆ. ನೆತ್ತಿಯ ಮೇಲಿಂದ ಕೆಳಕ್ಕೆ ನೋಡುವ ಶಾಟ್ ಬೇಡ. ಅದು ಪಾತ್ರೆಯೊಳಗೆ ಏನಿದೆ ಎಂದು ತಿಳಿಸುತ್ತದೆ, ಅದನ್ನು ಕಾಯುತ್ತಿರುವವರ ಪಕ್ಕದಲ್ಲಿ ನಮ್ಮನ್ನು ನಿಲ್ಲಿಸುವುದಿಲ್ಲ.

ಹಿಂಬದಿ_ಬೆಳಕು

ಹಬೆ ಮಾಯವಾಗುವುದಕ್ಕೆ ಕಾರಣ, ಬೆಳಕು ಕ್ಯಾಮೆರಾದ ಬೆನ್ನಿನಿಂದ ಬರುತ್ತಿರುವುದು. ಹಬೆ ಅಂದರೆ ಸಣ್ಣ ನೀರಿನ ಹನಿಗಳು. ಹಿಂದಿನಿಂದ ಬಂದ ಬೆಳಕನ್ನು ಅವು ನಮ್ಮ ಕಡೆಗೆ ಚೆಲ್ಲುತ್ತವೆ, ಮುಂದಿನಿಂದ ಬಿದ್ದ ಬೆಳಕಿನಲ್ಲಿ ಗೋಡೆಯ ಬಣ್ಣದೊಳಗೆ ಕರಗಿಹೋಗುತ್ತವೆ. ಆದ್ದರಿಂದ ಲೋಟವನ್ನು ಕಿಟಕಿ ಮತ್ತು ಕ್ಯಾಮೆರಾದ ನಡುವೆ ತನ್ನಿ. ಕಿಟಕಿ ನೇರ ಹಿಂದೆ ಬೇಡ. ಲೋಟದ ಹಿಂದೆ, ಪಕ್ಕಕ್ಕೆ 30–45 ಡಿಗ್ರಿ ವಾಲಿಕೊಂಡು ಫ್ರೇಮಿನ ಹೊರಗಿರಲಿ. ಹಬೆಯ ಹಿಂದೆ ಕಪ್ಪಾದದ್ದು ಏನಾದರೂ ಬೇಕು. ಮರದ ಬೀರು ಇದ್ದರೆ ಸರಿ, ಇಲ್ಲದಿದ್ದರೆ ಒಂದು ಮೀಟರ್ ಹಿಂದೆ ಕಡು ಬಣ್ಣದ ಸೀರೆ ಇಳಿಬಿಡಿ. ಬೆಳ್ಳಗಿನ ಟೈಲ್ಸ್ ಮುಂದೆ ಎಂಥ ಹಬೆಯೂ ಕಾಣುವುದಿಲ್ಲ.

ಗಾಳಿ ತಣ್ಣಗಿದ್ದಷ್ಟೂ ಹಬೆ ದಪ್ಪ. ಬೆಂಗಳೂರು, ಮೈಸೂರು ಕಡೆ ಡಿಸೆಂಬರ್–ಜನವರಿಯ ಬೆಳಗ್ಗೆ ತೆಗೆದರೆ ಅರ್ಧ ಕೆಲಸ ಹವೆಯೇ ಮಾಡಿಕೊಡುತ್ತದೆ. ಕರಾವಳಿಯ ಏಪ್ರಿಲ್–ಮೇ ಸೆಕೆಯಲ್ಲಿ ಅಷ್ಟು ಸಿಗುವುದಿಲ್ಲ. ಫ್ಯಾನ್ ಆಫ್, ಎಕ್ಸಾಸ್ಟ್ ಆಫ್, ಬಾಗಿಲು ಮುಚ್ಚಿರಲಿ. ಲೋಟಕ್ಕೆ ಮೊದಲು ಕುದಿಯುವ ನೀರು ಹಾಕಿ ಒಂದು ನಿಮಿಷ ಬಿಟ್ಟು ಚೆಲ್ಲಿ, ಆಮೇಲೆ ಕಾಫಿ ಹೊಯ್ಯಿರಿ. ತಣ್ಣನೆ ಸ್ಟೀಲು ಕಾಫಿಯ ಬಿಸಿಯನ್ನು ಮೊದಲೇ ಕುಡಿದುಬಿಡುತ್ತದೆ. ಹಬೆ ಚೆಂದ ಇರುವುದು ಹೊಯ್ದ ಮೊದಲ ಒಂದೆರಡು ನಿಮಿಷ ಮಾತ್ರ, ಹಾಗಾಗಿ ಫೋಕಸ್ ಮತ್ತು ಫ್ರೇಮನ್ನು ಖಾಲಿ ಲೋಟ ಇಟ್ಟುಕೊಂಡೇ ಮುಗಿಸಿರಿ. ಟೇಕ್ ಜಾಸ್ತಿ ಬೇಕಾದರೆ, ಲೋಟದ ಬೆನ್ನಿಗೆ ಕ್ಯಾಮೆರಾಗೆ ಕಾಣದಂತೆ ಕುದಿವ ನೀರಿನಲ್ಲಿ ಅದ್ದಿದ ಹತ್ತಿಯ ಉಂಡೆ ಇಡಿ. ಆಹಾರದ ಜಾಹೀರಾತು ತೆಗೆಯುವವರ ಹಳೆಯ ಉಪಾಯ ಇದು.

ಎಕ್ಸ್‌ಪೋಷರ್ ಅರ್ಧದಿಂದ ಒಂದು ಸ್ಟಾಪ್ ಕಡಿಮೆ ಇಡಿ (ಒಂದು ಸ್ಟಾಪ್ ಕಡಿಮೆ ಅಂದರೆ ಬೆಳಕು ಅರ್ಧಕ್ಕೆ ಇಳಿಯುವುದು). ಹಬೆಯ ಅಂಚುಗಳು ಬೆಳ್ಳಗೆ ಸುಟ್ಟುಹೋದರೆ ಆಮೇಲೆ ಕಲರ್ ಗ್ರೇಡಿಂಗ್‌ನಲ್ಲಿ ವಾಪಸ್ ಬರುವುದಿಲ್ಲ. ನೆರಳನ್ನು ಬೇಕಾದರೆ ಸ್ವಲ್ಪ ಎತ್ತಬಹುದು.

ಸ್ಟೀಲಿನ ವಿಷಯ. ಪೋಲರೈಸರ್ ಫಿಲ್ಟರ್ ತರಬೇಡಿ. ಗಾಜು, ನೀರು, ವಾರ್ನಿಷ್ ಮೇಲಿನ ಹೊಳಪನ್ನು ಅದು ತಗ್ಗಿಸುತ್ತದೆ, ಬರಿ ಲೋಹದ ಮೇಲಿನ ಪ್ರತಿಬಿಂಬಕ್ಕೆ ಅದರಿಂದ ಹೇಳಿಕೊಳ್ಳುವಂಥ ಪ್ರಯೋಜನವಿಲ್ಲ. ದುಂಡನೆ ಲೋಟ ಕೋಣೆಯನ್ನೆಲ್ಲ ತನ್ನ ಮೈಮೇಲೆ ತೋರಿಸುತ್ತದೆ. ಅದು ಏನನ್ನು ತೋರಿಸಬೇಕು ಎಂಬುದನ್ನು ನಾವು ನಿರ್ಧರಿಸಬೇಕು, ಅಷ್ಟೆ. ಕಿಟಕಿಗೆ ಒಗೆದ ಬಿಳಿ ಪಂಚೆ ಒಂದೇ ಪದರ ಕಟ್ಟಿ. ಆಗ ಕಿಟಕಿಯ ಸರಳುಗಳ ಬದಲು ಲೋಟದ ಮೇಲೆ ಮೆತ್ತನೆಯ ಬಿಳಿ ಪಟ್ಟಿ ಬೀಳುತ್ತದೆ. ಕ್ಯಾಮೆರಾ ಬದಿಗೆ ಕಪ್ಪು ಬಟ್ಟೆ ಇಳಿಬಿಟ್ಟು ಲೆನ್ಸ್ ತೂರುವಷ್ಟು ತೂತು ಮಾಡಿ, ಕ್ಯಾಮೆರಾ ಹಿಂದೆ ಇರುವವರು ಕಡು ಬಣ್ಣದ ಅಂಗಿ ಹಾಕಿಕೊಳ್ಳಲಿ. ಇನ್ನೂ ಚೆನ್ನಾಗಿ ಬೇಕೆಂದರೆ ಲೋಟದ ಎಡಬಲಕ್ಕೆ, ಫ್ರೇಮಿನ ಅಂಚಿನ ಹೊರಗೆ, ಎರಡು ಕಪ್ಪು ಚಾರ್ಟ್ ಪೇಪರ್ ನಿಲ್ಲಿಸಿ. ಲೋಟದ ಎರಡೂ ಅಂಚಿಗೆ ಸಣ್ಣ ಕಪ್ಪು ಗೆರೆ ಬಂದು ಆಕಾರ ಹಿನ್ನೆಲೆಯಿಂದ ಬಿಡಿಸಿಕೊಂಡು ನಿಲ್ಲುತ್ತದೆ. ಒಣ ಹತ್ತಿಬಟ್ಟೆಯಲ್ಲಿ ಲೋಟ ಒರೆಸಿ, ಆಮೇಲೆ ಕಂಠ ಮಾತ್ರ ಹಿಡಿಯಿರಿ. ಬೆರಳಿನ ಗುರುತು ಕ್ಲೋಸಪ್‌ನಲ್ಲಿ ಎದ್ದು ಕಾಣುತ್ತದೆ.

ಅಡ್ಡ ಪಟ್ಟೆ: ನಮ್ಮ ಕರೆಂಟು 50 ಹರ್ಟ್ಸ್, ಅಂದರೆ ಬಲ್ಬಿನ ಬೆಳಕು ಸೆಕೆಂಡಿಗೆ 100 ಸಲ ಏರಿಳಿಯುತ್ತದೆ. ಫೋನುಗಳು ಸಾಮಾನ್ಯವಾಗಿ ಸೆಕೆಂಡಿಗೆ 30 ಫ್ರೇಮ್‌ನಲ್ಲಿ ಓಡುತ್ತವೆ, ಷಟರ್ (ಒಂದೊಂದು ಫ್ರೇಮ್ ಬೆಳಕು ಹಿಡಿಯುವ ಹೊತ್ತು) ಸೆಕೆಂಡಿನ 1/60ಕ್ಕೋ ಅದಕ್ಕಿಂತ ವೇಗಕ್ಕೋ ಹೋಗುತ್ತದೆ. ಆ ಲೆಕ್ಕ 100ಕ್ಕೆ ಹೊಂದುವುದಿಲ್ಲ, ಪಟ್ಟೆ ಸರಿಯುತ್ತದೆ. 25 ಫ್ರೇಮ್, 1/50 ಷಟರ್ ಇಟ್ಟುಬಿಡಿ. ಚಿತ್ರೋತ್ಸವಕ್ಕೆ 24 ಫ್ರೇಮ್ ಬೇಕೆಂದರೆ ಆಗಲೂ ಷಟರ್ 1/50 ಇರಲಿ. ಹನಿ ಬೀಳುವುದನ್ನು ನಿಧಾನಗತಿಯಲ್ಲಿ ತೆಗೆಯುವಾಗ 120 ಫ್ರೇಮ್ ಬೇಡ, 100 ಫ್ರೇಮ್ 1/100. ಅದಕ್ಕಿಂತ ಒಳ್ಳೆಯದು ಎಲ್ಲ ಬಲ್ಬನ್ನೂ ಆರಿಸಿ ಕಿಟಕಿ ಬೆಳಕಿನಲ್ಲೇ ತೆಗೆಯುವುದು. ಹಾಗೆ ನೋಡಿದರೆ ಈ ಚಿತ್ರಕ್ಕೆ ನಿಧಾನಗತಿಯೇ ಬೇಡ ಎಂಬುದು ನನ್ನ ಅಭಿಪ್ರಾಯ. ಒಂದು ಕಡೆ ಕಾಲವನ್ನು ಹಿಗ್ಗಿಸಿದರೆ ಕತ್ತರಿ_ಮೇಜು ಹೇಳಿದ ‘ಸ್ವಂತ ಅವಧಿ’ಯ ನಂಬಿಕೆ ಮುರಿದುಹೋಗುತ್ತದೆ.

ವೈಟ್ ಬ್ಯಾಲೆನ್ಸ್ 5600 ಕೆಲ್ವಿನ್‌ಗೆ ಲಾಕ್. ನಸುಕಿನ ಬೆಳಕು ಅದರಲ್ಲಿ ಸ್ವಲ್ಪ ನೀಲಿಯಾಗಿ ಬರುತ್ತದೆ, ಬರಲಿ. ಆ ನೀಲಿಯ ಎದುರಿಗೇ ಕಾಫಿಯ ಕಂದು ಬೆಚ್ಚಗೆ ಕಾಣುವುದು. ಆಟೋದಲ್ಲಿ ಬಿಟ್ಟರೆ ಕಂದು ಬಣ್ಣ ಫ್ರೇಮ್ ತುಂಬಿದ ಕೂಡಲೇ ಕ್ಯಾಮೆರಾ ಅದನ್ನು ‘ಸರಿಪಡಿಸಲು’ ಹೋಗಿ ಬೂದಿ ಬಣ್ಣ ಮಾಡುತ್ತದೆ.

ಎಫ್/1.8ರಲ್ಲಿ, ಅಂದರೆ ಲೆನ್ಸಿನ ಬಾಯಿ ಪೂರ್ತಿ ತೆರೆದು, ತೆಗೆಯುವ ಆಸೆ ಬೇಡ. 45 ಸೆಂ.ಮೀ. ದೂರದಿಂದ ನಿಮ್ಮ ಲೆನ್ಸಿನಲ್ಲಿ ಸ್ಪಷ್ಟವಾಗಿ ಬರುವ ಆಳ ಅರ್ಧ ಸೆಂಟಿಮೀಟರ್‌ನಷ್ಟು ಮಾತ್ರ, ಲೋಟದ ಬಾಯಿಯ ಮುಂದಂಚು ಚೂಪಾದರೆ ಹಿಂದಂಚು ಮಸುಕು. ಎಫ್/4ಕ್ಕೆ ಇಳಿಸಿ, ಮುಂದಂಚಿಗೆ ಫೋಕಸ್ ಮಾಡಿ. ಫೋನನ್ನು ಆದಷ್ಟು ಬಿಡಿ. ಎರಡು ಕ್ಯಾಮೆರಾಗಳ ಬಣ್ಣ ಹೊಂದಿಸುವುದು ಇಷ್ಟು ಸಣ್ಣ ಚಿತ್ರಕ್ಕೆ ಸುಮ್ಮನೆ ತಲೆನೋವು. ಬಳಸಲೇಬೇಕಾದರೆ ಬ್ಲ್ಯಾಕ್‌ಮ್ಯಾಜಿಕ್ ಕ್ಯಾಮೆರಾ ಆ್ಯಪ್ ಉಚಿತವಾಗಿ ಸಿಗುತ್ತದೆ, ಷಟರ್, ಐಎಸ್‌ಒ (ಬೆಳಕಿಗೆ ಸ್ಪಂದಿಸುವ ಮಟ್ಟ), ಲೆನ್ಸ್ ಎಲ್ಲವನ್ನೂ ಲಾಕ್ ಮಾಡಬಹುದು. ಲೆನ್ಸ್ ಲಾಕ್ ಮಾಡದಿದ್ದರೆ ಹತ್ತಿರ ಹೋದಾಗ ಫೋನ್ ತಾನಾಗಿ ಮ್ಯಾಕ್ರೋಗೆ (ತೀರಾ ಹತ್ತಿರದ್ದನ್ನು ತೆಗೆಯುವ ವಿಧಾನಕ್ಕೆ) ಜಿಗಿದು ಶಾಟ್ ನಡುವೆ ಫ್ರೇಮ್ ಬದಲಾಗುತ್ತದೆ.

ಕಿವಿಗೊಟ್ಟು

ಸಂಗೀತ ಬೇಡ ಎಂದಿದ್ದೀರಿ, ಸಂತೋಷ. ಹಾಗಾದರೆ ಚಿತ್ರದ ಅರ್ಧ ಭಾರ ಸದ್ದಿನ ಮೇಲೆ ಬಿತ್ತು. ಚಿತ್ರ ತೆಗೆಯುವ ದಿನ ಸಿಕ್ಕಿದ್ದು ಸಾಕು ಅನ್ನಬೇಡಿ. ಸದ್ದಿಗೇ ಬೇರೆ ಅರ್ಧ ದಿನ ಇಟ್ಟುಕೊಳ್ಳಿ, ಅದೇ ಅಡುಗೆಮನೆ, ಅದೇ ಪಾತ್ರೆ, ಕ್ಯಾಮೆರಾ ಇಲ್ಲದೆ.

ಫ್ರಿಜ್ ಪ್ಲಗ್ ತೆಗೆಯಿರಿ, ಗಾಡಿ ಕೀಲಿಯನ್ನು ಫ್ರಿಜ್ಜಿನೊಳಗೇ ಇಡಿ. ಮನೆಗೆ ಹೊರಡುವಾಗ ಕೀಲಿ ಹುಡುಕುತ್ತೀರಿ, ಪ್ಲಗ್ ನೆನಪಾಗುತ್ತದೆ. ಇನ್ವರ್ಟರ್, ನೀರಿನ ಫಿಲ್ಟರ್, ಪಕ್ಕದ ಕೋಣೆಯ ಫ್ಯಾನ್ ಎಲ್ಲ ಆಫ್. ರೆಕಾರ್ಡರ್ 48 ಕಿಲೊಹರ್ಟ್ಸ್, 24 ಬಿಟ್. ಅತಿ ಜೋರಾದ ಸದ್ದು ಮೀಟರಿನಲ್ಲಿ –12 ಡಿಬಿ (ಡೆಸಿಬೆಲ್) ಆಸುಪಾಸು ಮುಟ್ಟುವಂತೆ ಗೇನ್ (ಸದ್ದು ಹಿಡಿಯುವ ಮಟ್ಟ) ಇಡಿ. ಕೊನೆಗೆ ಯಾರೂ ಅಲುಗಾಡದೆ ಎರಡು ನಿಮಿಷ ಖಾಲಿ ಅಡುಗೆಮನೆಯ ಸದ್ದು ಹಿಡಿಯಿರಿ. ಎಡಿಟಿಂಗಿನಲ್ಲಿ ಪ್ರತಿ ಕಟ್‌ನ ಕೆಳಗೂ ಅದು ಹಾಸಿರಬೇಕು. ಇಲ್ಲದಿದ್ದರೆ ಕಟ್ ಆದ ಕಡೆಯಲ್ಲೆಲ್ಲ ಸದ್ದಿನಲ್ಲಿ ಗುಂಡಿ ಬಿದ್ದಂತಾಗುತ್ತದೆ.

ಡಿಕಾಕ್ಷನ್ ಹನಿ ಕೇಳಿಸದಿರುವುದು ಸಹಜ. ಹನಿ ಬೀಳುವುದು ಮುಚ್ಚಿದ ಕೆಳಗಿನ ಪಾತ್ರೆಯೊಳಗೆ, ಮೇಲೆ ಇನ್ನೊಂದು ಪಾತ್ರೆ ಬಿಗಿಯಾಗಿ ಕೂತಿದೆ. ಹೊರಗಿನಿಂದ ಯಾವ ಮೈಕೂ ಅದನ್ನು ಚೆನ್ನಾಗಿ ಹಿಡಿಯುವುದಿಲ್ಲ. ಬೇರೆಯಾಗಿ ರೆಕಾರ್ಡ್ ಮಾಡುವಾಗ ಮೇಲಿನ ಪಾತ್ರೆಯನ್ನು ಕೆಳಗಿನದರ ಬಾಯಿಂದ ಎರಡು ಮೂರು ಸೆಂ.ಮೀ. ಮೇಲೆ ಎತ್ತಿ ನಿಲ್ಲಿಸಿ, ಮೈಕನ್ನು ಪಕ್ಕದಿಂದ 10–15 ಸೆಂ.ಮೀ. ದೂರದಲ್ಲಿ ಇಡಿ. ಮೇಲುಗಡೆ ಇಟ್ಟರೆ ಹಬೆ ತಗುಲಿ ಮೈಕ್ ಕೆಡುತ್ತದೆ.

ಈಗ ಹನಿಗೆ ಕಿವಿಗೊಡಿ. ಖಾಲಿ ತಳಕ್ಕೆ ಬೀಳುವ ಮೊದಲ ಹನಿಗಳು ‘ಟಿಣ್’ ಎನ್ನುತ್ತವೆ, ಲೋಹದ ಸದ್ದು, ಒಂದರ ಹಿಂದೆ ಒಂದು ಬೇಗ ಬೇಗ. ತಳ ಮುಚ್ಚುವಷ್ಟು ಡಿಕಾಕ್ಷನ್ ಸೇರಿದ ಮೇಲೆ ಅದೇ ಹನಿ ‘ತೊಟ್’ ಎಂದು ದುಂಡಗಾಗುತ್ತದೆ. ಕೊನೆಕೊನೆಗೆ ಬಿಟ್ಟು ಬಿಟ್ಟು, ಇನ್ನೇನು ನಿಂತಿತು ಅನ್ನುವಾಗ ಇನ್ನೊಂದು. ಕತ್ತರಿ_ಮೇಜು ಹೇಳಿದ ಮೂರು ತುಂಡಿನ ಕಾಯುವಿಕೆಗೆ ಈ ಮೂರು ಹನಿಗಳನ್ನು ಒಂದೊಂದರ ಕೆಳಗೆ ಇಡಿ. ಗಡಿಯಾರ ತೋರಿಸದೆಯೇ ಇಪ್ಪತ್ತು ನಿಮಿಷ ಕಳೆದದ್ದು ಕಿವಿಗೆ ತಿಳಿಯುತ್ತದೆ. ನಿಜವಾಗಿ ಆ ದೂರದಿಂದ ಹನಿ ಕೇಳುವುದಿಲ್ಲವಲ್ಲ ಎಂದು ಯಾರೂ ಕೇಳುವುದಿಲ್ಲ. ಕಾಯುತ್ತಿರುವವರ ಕಿವಿ ಅಲ್ಲೇ ಇರುತ್ತದೆ.

ಹೊಯ್ಯುವ ಸದ್ದಿನಲ್ಲಿ ಎರಡು ಎಚ್ಚರಿಕೆ. ತಣ್ಣೀರಲ್ಲಿ ಫೋಲಿ (ಸದ್ದನ್ನು ಬೇರೆಯಾಗಿ ಮಾಡಿ ಹಿಡಿಯುವುದು) ಮಾಡಬೇಡಿ. ಬಿಸಿ ದ್ರವ ಹೊಯ್ದಾಗ ಸದ್ದು ತಣ್ಣನೆಯದಕ್ಕಿಂತ ತಗ್ಗಾಗಿ, ಮೆತ್ತಗೆ ಇರುತ್ತದೆ, ಕೇಳುವವರಿಗೆ ಕಾರಣ ಗೊತ್ತಿಲ್ಲದಿದ್ದರೂ ವ್ಯತ್ಯಾಸ ಗೊತ್ತಾಗುತ್ತದೆ. ಬಿಸಿ ಹಾಲನ್ನೇ ಹೊಯ್ಯಿರಿ. ಎರಡನೆಯದು, ಲೋಟ ತುಂಬುತ್ತ ಬಂದಂತೆ ಒಳಗಿನ ಗಾಳಿಯ ಕಂಬ ಗಿಡ್ಡವಾಗಿ ಸ್ವರ ಏರುತ್ತದೆ. ಹೊಯ್ಯುವ ನಡುವೆ ಕಟ್ ಮಾಡಿದರೆ ಸ್ವರ ಮೆಟ್ಟಿಲು ಹಾರುತ್ತದೆ. ಕಣ್ಣಿಗೆ ಕಾಣದ ಕಟ್ ಅಲ್ಲಿ ಕಿವಿಗೆ ಸಿಕ್ಕಿಬೀಳುತ್ತದೆ. ಬೆರೆಸುವ ಶಾಟ್ ಕಟ್ ಇಲ್ಲದೆ ಇರಲಿ ಎಂಬುದಕ್ಕೆ ಇದೂ ಒಂದು ಕಾರಣ.

ಹೊರಗಿನ ಸದ್ದಿನಲ್ಲಿ ಒಂದೆರಡು ಸಾಕು: ಕೋಗಿಲೆಯೋ ಕಾಗೆಯೋ, ಅಂಗಳ ಗುಡಿಸಿ ನೀರು ಚಿಮುಕಿಸುವ ಸದ್ದು. ಪಕ್ಕದ ಮನೆಯ ಸುಪ್ರಭಾತ, ದೂರದ ಮೈಕಿನ ಹಾಡು ರೆಕಾರ್ಡಿಂಗಿಗೆ ಬೀಳದಂತೆ ನೋಡಿಕೊಳ್ಳಿ. ಧ್ವನಿಮುದ್ರಣದ ಹಕ್ಕು ಯಾರದ್ದೋ ಇರುತ್ತದೆ, ಯೂಟ್ಯೂಬಿಗೆ ಏರಿಸಿದ ಕೂಡಲೇ ಕಾಪಿರೈಟ್ ಕ್ಲೇಮ್ ಬರಬಹುದು.

ಅಡುಗೆಮನೆ_ಕಿಟಕಿ

ಎಲ್ಲರಿಗೂ ಧನ್ಯವಾದ. ಹನಿಯ ಸದ್ದಿನಿಂದಲೇ ಹೊತ್ತು ತೋರಿಸುವುದು ನಮಗೆ ಹೊಳೆದೇ ಇರಲಿಲ್ಲ, ಹಾಗೇ ಮಾಡುತ್ತೇವೆ.

ಇನ್ನೆರಡು ಪ್ರಶ್ನೆ. ಒಂದು ಕಂಟಿನ್ಯುಯಿಟಿಯದು: ಪ್ರತಿ ಟೇಕಿಗೂ ಹೊಸ ಡಿಕಾಕ್ಷನ್ ಬೇಕೇ, ನೊರೆ ಒಂದೇ ರೀತಿ ಬರುವಂತೆ ಮಾಡುವುದು ಹೇಗೆ? ಇನ್ನೊಂದು, ಪಾತ್ರ ಮಾಡುವವರು ನಟಿಯಲ್ಲ, ನಮ್ಮ ಬೀದಿಯ ಅಮ್ಮ ಒಬ್ಬರು. ಗುಟುಕು ಕುಡಿದಾಗ ಅವರ ಮುಖದಲ್ಲಿ ಏನು ಬರಬೇಕು ಎಂದು ಹೇಗೆ ಹೇಳುವುದು?

ಚಿಕೋರಿ_ಇಪ್ಪತ್ತು

ಮೊದಲ ಪ್ರಶ್ನೆಗೆ ಉತ್ತರಿಸುತ್ತೇನೆ. ಕಾಫಿ ಸರಿಯಿಲ್ಲದಿದ್ದರೆ ಕ್ಯಾಮೆರಾದಲ್ಲೂ ಸರಿಯಿರುವುದಿಲ್ಲ.

ಎರಡು ಲೋಟದ ಲೆಕ್ಕಕ್ಕೆ 20 ಗ್ರಾಂ ಪುಡಿ, 120 ಮಿ.ಲೀ. ನೀರು. ಪುಡಿ ತನ್ನ ತೂಕದ ಸುಮಾರು ಎರಡರಷ್ಟು ನೀರು ಹಿಡಿದಿಟ್ಟುಕೊಳ್ಳುತ್ತದೆ, ಕೆಳಗೆ 80 ಮಿ.ಲೀ. ಆಸುಪಾಸು ಇಳಿಯುತ್ತದೆ. ಲೋಟಕ್ಕೆ 40 ಮಿ.ಲೀ. ಡಿಕಾಕ್ಷನ್, 100 ಮಿ.ಲೀ. ಹಾಲು. ಚಿಕೋರಿ ನೂರಕ್ಕೆ 20 ಭಾಗ ಇರುವ ಪುಡಿ ತೆಗೆದುಕೊಳ್ಳಿ. ಬಣ್ಣ ಗಾಢವಾಗುತ್ತದೆ, ಡಿಕಾಕ್ಷನ್ ನಿಧಾನಕ್ಕೆ ಇಳಿಯುತ್ತದೆ, ನಿಮ್ಮ ಹನಿಗೆ ಅದೇ ಬೇಕು. ಬರಿ ಕಾಫಿಬೀಜದ ಪುಡಿ, ಅದೂ ದಪ್ಪಗೆ ಬೀಸಿದ್ದಾದರೆ ಸರಸರ ಇಳಿದು ಐದಾರು ನಿಮಿಷಕ್ಕೇ ಮುಗಿದುಬಿಡಬಹುದು.

ಪುಡಿ ಹಾಕಿ ಫಿಲ್ಟರನ್ನು ಮೆಲ್ಲಗೆ ತಟ್ಟಿ ಮಟ್ಟ ಮಾಡಿ, ಕಡ್ಡಿ ಇರುವ ತೂತಿನ ಬಿಲ್ಲೆಯನ್ನು ಅದರ ಮೇಲೆ ಕೂರಿಸಿ, ಒತ್ತಬೇಡಿ. ಒತ್ತಿದರೆ ಡಿಕಾಕ್ಷನ್ ಇಳಿಯುವುದೇ ನಿಲ್ಲುತ್ತದೆ, ಚಿತ್ರೀಕರಣದ ದಿನ ಎಲ್ಲರೂ ಫಿಲ್ಟರ್ ಮುಖ ನೋಡುತ್ತ ಕೂರಬೇಕಾಗುತ್ತದೆ. ನೀರು ಕುದಿ ಬಂದ ಮೇಲೆ ಅರ್ಧ ನಿಮಿಷ ಬಿಟ್ಟು ಸುರಿಯಿರಿ, ಒಂದೇ ಸಲ ಅಲ್ಲ. ಮೊದಲು ಪುಡಿ ನೆನೆಯುವಷ್ಟು, ಪುಡಿ ಉಬ್ಬಿ ಸಣ್ಣ ಗುಳ್ಳೆ ಬಂದಮೇಲೆ ಉಳಿದದ್ದು. ಆ ಉಬ್ಬುವಿಕೆ ಹೊಸ ಪುಡಿಯಲ್ಲಿ ಮಾತ್ರ ಚೆನ್ನಾಗಿ ಕಾಣುತ್ತದೆ, ಆದ್ದರಿಂದ ಪುಡಿಯನ್ನು ಹಿಂದಿನ ದಿನವೇ ಬೀಸಿಸಿ ತನ್ನಿ. ಹಿಂದಿನ ರಾತ್ರಿ ಮೇಲಿನ ಪಾತ್ರೆಯನ್ನು ಬೆಳಕಿಗೆ ಹಿಡಿದು ನೋಡಿ. ಮುಚ್ಚಿಕೊಂಡ ತೂತುಗಳಿದ್ದರೆ, ಆ ಸ್ಟೀಲ್ ಪಾತ್ರೆಯನ್ನಷ್ಟೇ ಇಕ್ಕಳದಲ್ಲಿ ಹಿಡಿದು ಒಲೆಯ ಉರಿಯ ಮೇಲೆ ಆಡಿಸಿದರೆ ಸಿಕ್ಕಿಕೊಂಡ ಪುಡಿ ಸುಟ್ಟು ಉದುರುತ್ತದೆ. ಆರಿದ ಮೇಲೆ ತೊಳೆಯಿರಿ.

ಪ್ರತಿ ಟೇಕಿಗೂ ಹೊಸ ಡಿಕಾಕ್ಷನ್ ಬೇಕಿಲ್ಲ. ಪುಡಿ ಉಬ್ಬುವ ಶಾಟಿಗೆ ಮಾತ್ರ ಪ್ರತಿ ಸಲ ಹೊಸ ಪುಡಿ, ಹಾಗಾಗಿ 20 ಗ್ರಾಮಿನ ಐದಾರು ಪೊಟ್ಟಣ ಮೊದಲೇ ಕಟ್ಟಿಟ್ಟುಕೊಳ್ಳಿ. ಬೆರೆಸುವ ಶಾಟಿಗೆ ಎರಡು ಫಿಲ್ಟರ್ ಇಟ್ಟು ಮೊದಲೇ 300 ಮಿ.ಲೀ. ಇಳಿಸಿ ಫ್ಲಾಸ್ಕಿನಲ್ಲಿ ಇಟ್ಟಿರಿ. ಒಲೆಯ ಮೇಲೆ ಮತ್ತೆ ಕುದಿಸಬೇಡಿ. ರುಚಿ ಕೆಡುತ್ತದೆ, ಕುಡಿಯುವ ಅಮ್ಮನ ಮುಖದಲ್ಲಿ ಅದು ತಕ್ಷಣ ಗೊತ್ತಾಗುತ್ತದೆ.

ನೊರೆಗೆ ಗಟ್ಟಿ ಹಾಲು ಬೇಕು, ಪ್ಯಾಕೆಟ್ ಹಾಲಿಗೆ ನೀರು ಬೆರೆಸಬೇಡಿ. ಉಕ್ಕಿದ ಹಾಲನ್ನು ತಕ್ಷಣ ಹೊಯ್ದರೆ ದೊಡ್ಡ ದೊಡ್ಡ ಗುಳ್ಳೆ ಬಂದು ಒಡೆಯುತ್ತದೆ. ಇಳಿಸಿ ಎರಡು ನಿಮಿಷ ಬಿಟ್ಟು, ಕೆನೆ ಕಟ್ಟಿದ್ದರೆ ಸೋಸಿ. ಸೋಸದಿದ್ದರೆ ಕೆನೆಯ ಚೂರು ಲೋಟದ ಅಂಚಿಗೆ ಅಂಟಿ ಕ್ಲೋಸಪ್ ಹಾಳು. ಒಂದೂವರೆ ಅಡಿ ಎತ್ತರದಿಂದ, ತೆಳ್ಳನೆ ಧಾರೆಯಾಗಿ ಮೂರು ಸಲ ಎತ್ತಿ ಹೊಯ್ದರೆ ಒಂದು ಸೆಂ.ಮೀ. ನೊರೆ ಬರುತ್ತದೆ. ನಾಲ್ಕು ಐದು ಸಲ ಆದರೆ ಕಾಫಿ ಆರುತ್ತದೆ, ಹಬೆ ಹೋಗುತ್ತದೆ. ನೊರೆ ಒಂದು ನಿಮಿಷಕ್ಕೆಲ್ಲ ತಗ್ಗುವುದರಿಂದ, ಕಿಟಕಿ ಪಕ್ಕದ ಶಾಟಿಗೆ ಕೂತ ಮೇಲೆಯೇ ಕಾಫಿ ಬೆರೆಸಿ ಕೈಗೆ ಕೊಡಬೇಕು. ಮೂರು ಸಲ ಎಂದು ಬರೆದಿಟ್ಟುಕೊಳ್ಳಿ, ಪ್ರತಿ ಟೇಕಿನಲ್ಲೂ ಮೂರೇ.

ಪರದೆ_ಸರಿಸಿ

ಎರಡನೆಯ ಪ್ರಶ್ನೆಗೆ: ಮುಖದಲ್ಲಿ ಏನು ಬರಬೇಕು ಎಂದು ಆ ಅಮ್ಮನಿಗೆ ಹೇಳಲೇಬೇಡಿ. ‘ಖುಷಿಯಾಗಿ ಕುಡೀರಿ’ ಅಂದ ಕ್ಷಣ ಜಾಹೀರಾತಿನ ನಗು ಬರುತ್ತದೆ. ಕುಡಿಯುವ ಶಾಟನ್ನು ಆ ದಿನದ ಮೊದಲ ಶಾಟ್ ಮಾಡಿ. ಬೆಳಗ್ಗೆ ಅವರು ಇನ್ನೂ ಕಾಫಿ ಕುಡಿದಿರಬಾರದು. ಕ್ರಮ ತಪ್ಪಿಸಿ ತೆಗೆದದ್ದು ಎಡಿಟಿಂಗಿನಲ್ಲಿ ಸರಿಯಾಗುತ್ತದೆ, ಮೊದಲ ಕಾಫಿಯ ಗುಟುಕನ್ನು ಎರಡನೆಯ ಸಲ ತೆಗೆಯಲಾಗುವುದಿಲ್ಲ. ಅದರ ಹಿಂದಿನ ದಿನ ಅದೇ ಹೊತ್ತಿಗೆ ಹೋಗಿ ಬೆಳಕನ್ನೂ ಫ್ರೇಮನ್ನೂ ಗೊತ್ತುಮಾಡಿಕೊಂಡು, ಕುರ್ಚಿಯ ಕಾಲಿನ ಜಾಗಕ್ಕೆ ಟೇಪ್ ಅಂಟಿಸಿ ಬನ್ನಿ. ಬೆರೆಸುವ ಕಾಫಿ ಸುಡುವಷ್ಟು ಬಿಸಿಯಾಗಿಯೇ ಇರಲಿ. ಊದುವುದು, ಲೋಟವನ್ನು ಸೆರಗಿನಲ್ಲಿ ಹಿಡಿಯುವುದು, ಬಟ್ಟಲಿಗೆ ಸ್ವಲ್ಪ ಬಗ್ಗಿಸಿಕೊಳ್ಳುವುದು ಎಲ್ಲ ತಾನಾಗಿ ಬರುತ್ತದೆ. ಲೋಟ ಎತ್ತಿ ಕುಡಿಯುವುದೋ ತುಟಿಗೆ ತಾಗಿಸಿ ಕುಡಿಯುವುದೋ, ಅವರ ಅಭ್ಯಾಸ ಏನಿದೆಯೋ ಹಾಗೇ ಬಿಡಿ. ಕೋಣೆಯಲ್ಲಿ ಇಬ್ಬರಿಗಿಂತ ಹೆಚ್ಚು ಜನ ಬೇಡ, ‘ಆ್ಯಕ್ಷನ್’ ಅನ್ನುವುದೂ ಬೇಡ. ಕ್ಯಾಮೆರಾ ಮುಂಚೆಯೇ ಓಡುತ್ತಿರಲಿ, ಕುಡಿದಾದ ಮೇಲೂ ಒಂದು ನಿಮಿಷ ಓಡಲಿ.

ಕೈಗಳಿಗೆ ಮಾತ್ರ ಸೂಚನೆ ಬೇಕು. ಕ್ಲೋಸಪ್‌ನಲ್ಲಿ ಕೈ ನಿಜಕ್ಕಿಂತ ವೇಗವಾಗಿ ಹೋದಂತೆ ಕಾಣುತ್ತದೆ, ‘ಸ್ವಲ್ಪ ನಿಧಾನ, ಅಮ್ಮ’ ಎಂದರೆ ಸಾಕು. ಗಾಜಿನ ಬಳೆ ಹಾಕಿಕೊಳ್ಳುವವರಾದರೆ ತೆಗೆಸಬೇಡಿ, ಎರಡೇ ಇರಲಿ. ಸದ್ದಿನ ದಿನವೂ ಅದೇ ಬಳೆ ಬೇಕಾಗುತ್ತದೆ ಎಂದು ‘ಕಿವಿಗೊಟ್ಟು’ ಅವರು ಹೇಳಿದ್ದಕ್ಕೆ ಸೇರಿಸಿಕೊಳ್ಳಿ.

ಕತ್ತರಿ_ಮೇಜು

ಪರದೆ_ಸರಿಸಿ ಹೇಳಿದ ಕ್ರಮದಲ್ಲಿ ಒಂದು ತೊಡಕಿದೆ. ಕುಡಿಯುವುದನ್ನು ಮೊದಲು ತೆಗೆದರೆ ಆಗಿನ ಬೆಳಕು ನಸುಕಿನದು, ಚಿತ್ರದಲ್ಲಿ ಅದು ಕೊನೆಗೆ, ಬೆಳಕು ಏರಿದ ಮೇಲೆ ಬರಬೇಕು. ಹಾಗಾಗಿ ಎರಡು ಬೆಳಗ್ಗೆ ಬೇಕೇ ಬೇಕು. ಮೊದಲ ದಿನ ಸೂರ್ಯ ಹುಟ್ಟಿದ ಅರ್ಧ ಗಂಟೆಯ ಮೇಲೆ ಕುಡಿಯುವ ಶಾಟ್, ಅದೊಂದೇ, ಅಮ್ಮ ಅಲ್ಲಿಯವರೆಗೆ ಕಾಫಿಗೆ ಕಾಯಲು ಒಪ್ಪಬೇಕು. ಎರಡನೆಯ ದಿನ ಸೂರ್ಯೋದಯಕ್ಕೆ ಅರ್ಧ ಗಂಟೆ ಮುಂಚೆ ಶುರುಮಾಡಿ ಕತ್ತಲ ಅಡುಗೆಮನೆ, ಪುಡಿ, ನೀರು, ಕಾಯುವ ಇಪ್ಪತ್ತು ನಿಮಿಷ. ಹಾಲಿನದೂ ಬೆರೆಸುವುದೂ ಆಮೇಲೆ, ಬೆಳಕಿನ ಅವಸರವಿಲ್ಲದೆ. ಎರಡೂ ದಿನ ಸೀರೆ ಒಂದೇ, ತಲೆ ಬಾಚಿದ ರೀತಿ ಒಂದೇ. ಮೋಡ ಕವಿದ ದಿನಕ್ಕೂ ಬಿಸಿಲಿನ ದಿನಕ್ಕೂ ಹೊಂದುವುದಿಲ್ಲ, ಹವಾಮಾನ ನೋಡಿ ಜೋಡಿ ದಿನ ಆರಿಸಿ.

ಎಡಿಟಿಂಗಿಗೆ ಡಾವಿಂಚಿ ರಿಸಾಲ್ವ್‌ನ ಉಚಿತ ಆವೃತ್ತಿ ಸಾಕು. ಫೋನಿನ ತುಣುಕು ಏನಾದರೂ ಸೇರಿಸಿದರೆ ಮೊದಲು ಹ್ಯಾಂಡ್‌ಬ್ರೇಕ್ ಎಂಬ ತಂತ್ರಾಂಶದಲ್ಲಿ ಸ್ಥಿರ ಫ್ರೇಮ್ ದರಕ್ಕೆ ಬದಲಾಯಿಸಿ. ಫೋನುಗಳು ದರವನ್ನು ಏರಿಳಿಸುವುದರಿಂದ ಉದ್ದದ ಶಾಟಿನಲ್ಲಿ ಸದ್ದು ಜಾರುತ್ತದೆ. ಹನಿಯ ಸದ್ದು ಪ್ರತಿ ಕಟ್‌ಗೂ ಅರ್ಧ ಸೆಕೆಂಡ್ ಮೊದಲೇ ಬರಲಿ, ಆಮೇಲೆ ಚಿತ್ರ.

ಸದ್ದಿನ ಮಟ್ಟದಲ್ಲಿ ಆಸೆಪಡಬೇಡಿ. ಯೂಟ್ಯೂಬ್ –14 ಎಲ್‌ಯುಎಫ್‌ಎಸ್‌ಗಿಂತ (ಒಟ್ಟು ಸದ್ದಿನ ಜೋರನ್ನು ಅಳೆಯುವ ಮಾನ) ಜೋರಾದುದನ್ನು ತಗ್ಗಿಸುತ್ತದೆ, ಮೆಲ್ಲಗಿದ್ದದ್ದನ್ನು ಎತ್ತುವುದಿಲ್ಲ. ಹಾಗೆಂದು ನೀವೇ –14ಕ್ಕೆ ಎಳೆದರೆ ಅಡುಗೆಮನೆಯ ಗಾಳಿಯೆಲ್ಲ ಸುಂಯ್ ಎನ್ನುತ್ತದೆ. –20ರ ಸುತ್ತ ಇಡಿ, ಅತಿ ಜೋರಿನ ಬಿಂದು –1 ಡಿಬಿ ಮೀರದಿರಲಿ. ಹನಿಯ ‘ತೊಟ್’ ಹೆಡ್‌ಫೋನಿನಲ್ಲಿ ಕೇಳಿ ಫೋನಿನ ಸ್ಪೀಕರಿನಲ್ಲಿ ಸತ್ತರೆ, ಒಟ್ಟು ಸದ್ದು ಏರಿಸುವ ಬದಲು ಹನಿಯ ಟ್ರ್ಯಾಕಿಗೆ ಮಾತ್ರ 2–3 ಕಿಲೊಹರ್ಟ್ಸ್ ಆಸುಪಾಸು ಎರಡು ಮೂರು ಡಿಬಿ ಎತ್ತಿ. ಫೋನಿನ ಸ್ಪೀಕರ್ ತಗ್ಗು ಸ್ವರವನ್ನು ಕೊಡುವುದೇ ಇಲ್ಲ, ಹನಿಯ ಮೇಲಂಚು ಮಾತ್ರ ಅದರಲ್ಲಿ ಉಳಿಯುತ್ತದೆ.

ಉತ್ಸವಗಳಿಗೆ ಕಳಿಸುವಾಗ ಅವರ ನಿಯಮದಲ್ಲಿ ಫ್ರೇಮ್ ದರ ಏನು ಕೇಳಿದ್ದಾರೆ ಎಂಬುದನ್ನು ಚಿತ್ರ ತೆಗೆಯುವ ಮುಂಚೆಯೇ ಓದಿ. 25ರಲ್ಲಿ ತೆಗೆದದ್ದನ್ನು 24ಕ್ಕೆ ಇಳಿಸಿದರೆ ಒಂದೋ ಸದ್ದಿನ ಸ್ವರ ತಗ್ಗುತ್ತದೆ, ಇಲ್ಲವೇ ಚಲನೆ ತೊದಲುತ್ತದೆ. ಹೆಸರುಗಳ ಪಟ್ಟಿ ಕೊನೆಯ ಖಾಲಿ ಫ್ರೇಮಿನ ಮೇಲೆ ಬರೆಯಬೇಡಿ, ಆಮೇಲೆ ಕಪ್ಪಿನ ಮೇಲೆ ಹಾಕಿ, ಕೆಳಗೆ ಖಾಲಿ ಅಡುಗೆಮನೆಯ ಸದ್ದು ಮುಂದುವರಿಯಲಿ.